ನುಣುಪು ಮತ್ತು ಒರಟು

ಸಂಖ್ಯಾಶಾಸ್ತ್ರದ ಗ್ರಂಥದಲ್ಲಿ ಶಬ್ದರಸಿಕರಿಗೆ ರುಚಿಸುವಂಥದೇನಿದ್ದೀತೆಂದು ಮೂಗು ಮುರಿಯುವವರುಂಟು. ಅಮೆರಿಕೆಯ ಜಾನ್ ಟ್ಯೂಕಿಯವರು 1977ರಲ್ಲಿ ಪ್ರಕಟಿಸಿದ ‘ಎಕ್ಸ್‌ಪ್ಲೊರೇಟರಿ ಡೇಟಾ ಅನಾಲಿಸಿಸ್’ ಎಂಬ ಹೊತ್ತಗೆಯನ್ನು ತೆರೆದವರಿಗೆ ಆ ಶಂಕೆ ಉಳಿಯದು. 1915ರಲ್ಲಿ ಉಪಾಧ್ಯಾಯ ದಂಪತಿಗಳ ಮಗನಾಗಿ ಜನಿಸಿ, ಮನೆಯಲ್ಲಿಯೇ ಕಲಿತು, ಮೊದಲು ರಸಾಯನಶಾಸ್ತ್ರವನ್ನೂ ಬಳಿಕ ಗಣಿತವನ್ನೂ ವ್ಯಾಸಂಗ ಮಾಡಿದ ಈ ಮಹನೀಯರು ಪ್ರಿನ್ಸ್‌ಟನ್ ವಿಶ್ವವಿದ್ಯಾನಿಲಯದಲ್ಲಿಯೂ ಬೆಲ್ ಪ್ರಯೋಗಶಾಲೆಯಲ್ಲಿಯೂ ದುಡಿದರು. ಇಂದು ಎಲ್ಲರ ನಾಲಗೆಯ ಮೇಲಿರುವ ‘ಬಿಟ್’ ಎಂಬ ಶಬ್ದವನ್ನು ಟಂಕಿಸಿದವರು ಇವರೇ.

ಏರಿಳಿಯುವ ಅಂಕಿಗಳ ಸಾಲಿನಿಂದ ಅದರ ನಡೆಯನ್ನು ತಿಳಿಯುವುದು ಹೇಗೆ? ಸಾಲನ್ನು ಸವರಿ ನುಣುಪುಗೊಳಿಸಬೇಕು. ಐದು ದಿನಗಳ ಮಳೆಯ ಲೆಕ್ಕ 15, 16, 71, 18, 19 ಮಿಲಿಮೀಟರ್ ಎಂದಿರಲಿ. ಮೂರು ಮೂರರ ಸರಾಸರಿ ತೆಗೆದರೆ 34, 35, 36 ಬರುತ್ತದೆ. ಒಂದು ಅಂಕಿಯ ದೋಷ ನೆರೆಯ ಅಂಕಿಗಳಿಗೂ ಅಂಟಿಕೊಂಡಿತು. ಟ್ಯೂಕಿಯವರ ದಾರಿ ಬೇರೆ. ಮೂರನ್ನು ಏರಿಕೆಯ ಕ್ರಮದಲ್ಲಿಟ್ಟು ನಡುವಿನದನ್ನು ಆರಿಸಿದರೆ 16, 18, 19 ಎಂದು ಸಾಲು ಸರಾಗವಾಗುತ್ತದೆ. 71 ಎಂಬುದು ಬಹುಶಃ 17ನ್ನು ತಿರುವು ಮುರುವಾಗಿ ಬರೆದ ಲಿಪಿಕಾರನ ಪ್ರಮಾದ.

ಆದರೆ ಅಂದು ನಿಜವಾಗಿಯೇ ಕುಂಭದ್ರೋಣ ಮಳೆ ಸುರಿದಿದ್ದರೆ? ಗ್ರಂಥದ ಹೆಚ್ಚಳವಿರುವುದು ಇಲ್ಲಿಯೇ. ಮೂಲದಿಂದ ನುಣುಪನ್ನು ಕಳೆದು ಉಳಿದುದನ್ನು ಅವರು ‘ಒರಟು’ ಎಂದು ಕರೆದರು; ಎಸೆಯಲಿಲ್ಲ. 71ರಲ್ಲಿ 18 ಹೋದರೆ 53. ಆ 53 ಪಕ್ಕದ ಕಲಂನಲ್ಲಿ ಕುಳಿತು ವಿಚಾರಣೆಯನ್ನು ಬೇಡುತ್ತಿರುತ್ತದೆ. ಒರಟನ್ನೇ ಮತ್ತೊಮ್ಮೆ ಸವರಿ, ಅದರಲ್ಲಿ ಅಡಗಿದ್ದ ನುಣುಪನ್ನು ಮೊದಲಿನದಕ್ಕೆ ಕೂಡಿಸುವ ವಿಧಾನವೂ ಅಲ್ಲಿದೆ. ಓಲೆಗರಿಗಳನ್ನು ಪರಿಶೋಧಿಸುವ ಸಂಪಾದಕರಿಗೆ ಇದು ಹೊಸತೆನಿಸದು. ಅಂಗೀಕೃತ ಪಾಠ ಮೇಲೆ, ಪಾಠಾಂತರ ಅಡಿಯಲ್ಲಿ. ಅಡಿಟಿಪ್ಪಣಿಯಿಲ್ಲದ ಆವೃತ್ತಿ ಎಷ್ಟು ಸುಂದರವಾಗಿದ್ದರೂ ಪಂಡಿತರು ಅದನ್ನು ನಂಬುವುದಿಲ್ಲ.

ಇನ್ನೊಂದು ಸ್ವಾರಸ್ಯ. ನಡುವಿನ ಅಂಕಿಗೆ ಅರ್ಧ, ಅಕ್ಕಪಕ್ಕದವಕ್ಕೆ ಕಾಲು ಕಾಲು ತೂಕ ಕೊಡುವ ಕ್ರಮವನ್ನು ಆಸ್ಟ್ರಿಯದ ಹವಾಮಾನ ಪಂಡಿತ ಜೂಲಿಯಸ್ ಫಾನ್ ಹಾನ್ ಅವರ ಸ್ಮರಣೆಗಾಗಿ ‘ಹ್ಯಾನಿಂಗ್’ ಎಂದು ಹೆಸರಿಸಿದರು. ಮನುಷ್ಯನ ಹೆಸರೇ ಕ್ರಿಯೆಯಾಯಿತು! ನಮ್ಮ ವೈಯಾಕರಣರು ಇದನ್ನು ನಾಮಧಾತುವೆಂದು ಸಂತೋಷದಿಂದ ಒಪ್ಪಿಕೊಂಡಾರು.

ಆ ಗ್ರಂಥದ ಬಹುಪಾಲು ಲೆಕ್ಕಗಳು ಕಾಗದ, ಸೀಸದಕಡ್ಡಿಗಳಿಂದಲೇ ಸಾಗುವಂಥವು. ಅದೇ ಕಾಲದಲ್ಲಿ, 1976ರಲ್ಲಿ, ಬೆಲ್ ಪ್ರಯೋಗಶಾಲೆಯ ಜಾನ್ ಚೇಂಬರ್ಸ್ ಮತ್ತು ಸಂಗಡಿಗರು ‘ಎಸ್’ ಎಂಬ ಗಣಕಭಾಷೆಯನ್ನು ಕಟ್ಟತೊಡಗಿದರು. ಅದರ ಸಂತತಿಯಾದ, ನ್ಯೂಜಿಲೆಂಡಿನಲ್ಲಿ ಹುಟ್ಟಿದ ‘ಆರ್’ ಭಾಷೆ ಇಂದು ಎಲ್ಲರಿಗೂ ಉಚಿತ. 2000ದಲ್ಲಿ ತೀರಿಕೊಂಡ ಟ್ಯೂಕಿಯವರ ಮಧ್ಯಾಂಕ ವಿಧಾನ ಅದರಲ್ಲಿ ‘ಸ್ಮೂದ್’ ಎಂಬ ಒಂದೇ ಆಜ್ಞೆಯಾಗಿ ನಿಂತಿದೆ. ಕ್ಷಣಾರ್ಧದಲ್ಲಿ ನುಣುಪಾದ ಸಾಲು ಕೈಗೆ ಬರುತ್ತದೆ. ಒರಟು ಬೇಕಾದವರು ಮೂಲವನ್ನು ಮತ್ತೆ ತೆಗೆದು ತಾವೇ ಕಳೆಯಬೇಕು.