5 ನಿಮಿಷ 14 ಸೆಕೆಂಡು

ನಮ್ಮ ಹುಣಸೂರಿನ ಲಕ್ಷ್ಮಣತೀರ್ಥ ಕನ್ನಂಬಾಡಿಯ ಹಿನ್ನೀರಿಗೆ ಸೇರಿ ಕಾವೇರಿಯಾಗುತ್ತದೆ. ಕೆ.ಆರ್. ನಗರದ ಮೇಲೆ ಹಾದು ಬರುವ ಆ ಕಾವೇರಿಯೂ, ಎಚ್.ಡಿ. ಕೋಟೆಯ ಕಡೆಯಿಂದ ಬರುವ ಕಪಿಲೆಯೂ ತಿ. ನರಸೀಪುರದಲ್ಲಿ ಕೂಡುತ್ತವೆ. ಹಾಗಾಗಿ ಆ ತಾಲ್ಲೂಕಿನ ಕುರುಬೂರಿನ ರೈತರ ಮಗಳು ಚೈತ್ರಾಳನ್ನು ನಾನು ನಮ್ಮ ಕಡೆಯ ಹುಡುಗಿ ಎಂದೇ ಹೇಳಿಕೊಂಡು ಓಡಾಡುತ್ತಿದ್ದೇನೆ. ನೀರಿನ ನಂಟು ಇದೆಯಲ್ಲ, ಸಾಕು.

2025ರ ಜನವರಿ 13ರಿಂದ 19ರವರೆಗೆ ದೆಹಲಿಯಲ್ಲಿ ಮೊದಲ ಕೊಕ್ಕೊ ವಿಶ್ವಕಪ್ ನಡೆಯಿತು. ಮಹಿಳೆಯರ ವಿಭಾಗದಲ್ಲಿ 19 ತಂಡಗಳು. ಫೈನಲ್‌ನಲ್ಲಿ ಭಾರತ ನೇಪಾಳವನ್ನು 78-40ರಿಂದ ಸೋಲಿಸಿತು. ಕೊನೆಯ ಸರದಿಯಲ್ಲಿ ನೇಪಾಳದವರು ಬೆನ್ನಟ್ಟುತ್ತಿದ್ದಾಗ ಚೈತ್ರಾ ಇದ್ದ ಗುಂಪು 5 ನಿಮಿಷ 14 ಸೆಕೆಂಡು ಸಿಗದೆ ಉಳಿಯಿತು. ಕೊಕ್ಕೊ ಆಡಿದವರಿಗಷ್ಟೇ ಇದರ ಬೆಲೆ ಗೊತ್ತು. ಓಡುವವರು ಒಮ್ಮೆಗೆ ಅಂಕಣಕ್ಕಿಳಿಯುವುದು ಮೂವರು. ಸಾಲಿನಲ್ಲಿ ಕೂತವರಲ್ಲಿ ಯಾರ ಬೆನ್ನಿಗೆ ಯಾವಾಗ 'ಖೋ' ಬೀಳುತ್ತದೋ, ಯಾರು ಚಿರತೆಯಂತೆ ಎದ್ದು ಬರುತ್ತಾರೋ ಹೇಳಲಾಗದು. ಈಗಿನ ನಿಯಮದಲ್ಲಿ 3 ನಿಮಿಷ ದಾಟಿದರೆ ಓಡುವವರಿಗೇ ಅಂಕ ಬರತೊಡಗುತ್ತದೆ. ಆ ಫೈನಲ್‌ನ ಶ್ರೇಷ್ಠ ಆಟಗಾರ್ತಿ ಎಂದು ಚೈತ್ರಾಳನ್ನೇ ಆರಿಸಿದರು.

ನಾನು ಉರ್ದು ಶಾಲೆಯಲ್ಲಿ ಕಲಿತ ಏಕೈಕ ಆಟ ಕೊಕ್ಕೊ. ಚೆಂಡು ಬೇಡ, ಬ್ಯಾಟು ಬೇಡ, ಎರಡು ಕಂಬ ನೆಟ್ಟರೆ ಮುಗಿಯಿತು. ಕಂಬವೂ ಇಲ್ಲದ ವರ್ಷ ಎರಡು ಕಡೆ ದಪ್ಪನೆಯ ಹುಡುಗಿಯರನ್ನು ನಿಲ್ಲಿಸುತ್ತಿದ್ದೆವು. ದುಪಟ್ಟಾವನ್ನು ಸೊಂಟಕ್ಕೆ ಬಿಗಿದು, ಚಪ್ಪಲಿ ಗೋಡೆಯ ಬದಿಗಿಟ್ಟು ಓಡಿದ್ದೇ ಓಡಿದ್ದು. ಆಮೇಲೆ ಕನ್ನಡ ಹೈಸ್ಕೂಲಿಗೆ ಬಂದಾಗ ಅಲ್ಲೂ ಅದೇ ಆಟ. ಭಾಷೆ ಬದಲಾಯಿತು, 'ಖೋ' ಬದಲಾಗಲಿಲ್ಲ.

ಅಲ್ಲಿ ನನ್ನ ಗೆಳತಿಯೊಬ್ಬಳಿದ್ದಳು, ಪಿರಿಯಾಪಟ್ಟಣದ ಕಡೆಯ ಹಳ್ಳಿಯವಳು. ಸಾಲಿನ ನಡುವೆ ಅವಳು ಹಾವಿನಂತೆ ನುಸುಳುವುದನ್ನು ನೋಡಲು ಗಂಡುಮಕ್ಕಳೂ ಬೇಲಿಯ ಬಳಿ ನಿಲ್ಲುತ್ತಿದ್ದರು. ಹೋಬಳಿ ಮಟ್ಟದಲ್ಲಿ ಗೆದ್ದು ತಾಲ್ಲೂಕು ಮಟ್ಟದ ಆಟಕ್ಕೆ ಹೋಗಬೇಕಾದಾಗ ನಮ್ಮ ಕಡೆ ತಂಬಾಕಿನ ಕಾಲ. ಹಸಿ ಎಲೆಯನ್ನು ಕಡ್ಡಿಗೆ ಕಟ್ಟಿ ಬ್ಯಾರನ್ನಿಗೆ ಏರಿಸಬೇಕು, ಒಲೆಯ ಉರಿ ಹಗಲೂ ರಾತ್ರಿ ಕಾಯಬೇಕು. ಮನೆಯಲ್ಲಿ ಇರುವಷ್ಟು ಕೈಯೂ ಸಾಲದು. ಅವಳು ಬರಲಿಲ್ಲ. ಆಡಬೇಡ ಎಂದು ಅವಳಿಗೆ ಯಾರೂ ಹೇಳಿರಲಿಲ್ಲ, ಹೇಳುವ ಅಗತ್ಯವೇ ಬೀಳಲಿಲ್ಲ. ಎಸ್ಸೆಸ್ಸೆಲ್ಸಿಯ ಹೊತ್ತಿಗೆ ನಮ್ಮ ತಂಡದಲ್ಲಿ ಉಳಿದವರು ನಾಲ್ವರು.

ಕುರುಬೂರಿನ ಮನೆಯಲ್ಲಿ ಮಗಳನ್ನು ಆಟದಲ್ಲಿ ಉಳಿಯಗೊಟ್ಟರಲ್ಲ, ವಿಶ್ವಕಪ್ಪಿಗಿಂತ ನನಗೆ ಅದೇ ದೊಡ್ಡದಾಗಿ ಕಾಣುತ್ತದೆ. ಅದೇ ತಂಡದಲ್ಲಿದ್ದ ದೆಹಲಿಯ ನಸ್ರೀನ್ ಶೇಖ್‌ಳ ತಂದೆ ಪಾತ್ರೆ ಮಾರಿ ಸಂಸಾರ ಸಾಕಿದವರು. ಅವಳಿಗೆ 2023ರ ಸಾಲಿನ ಅರ್ಜುನ ಪ್ರಶಸ್ತಿ ಬಂದಾಗ ನಮ್ಮ ಮೊಹಲ್ಲಾದ ಹೆಂಗಸರು ಹೆಸರನ್ನು ಎರಡೆರಡು ಸಲ ಓದಿಸಿಕೊಂಡರು.

ಗೆದ್ದು ಬಂದ ಮೇಲೆ ಇನ್ನೊಂದು ಆಟ ನಡೆಯಿತು. ರಾಜ್ಯ ಸರ್ಕಾರ ಚೈತ್ರಾಳಿಗೂ ಪುರುಷರ ತಂಡದಲ್ಲಿದ್ದ ಎಂ.ಕೆ. ಗೌತಮ್‌ಗೂ ತಲಾ 5 ಲಕ್ಷ ರೂಪಾಯಿ ಘೋಷಿಸಿತು. ಇಬ್ಬರೂ ಬೇಡವೆಂದರು. ಮಹಾರಾಷ್ಟ್ರ ತನ್ನ ಆಟಗಾರರಿಗೆ 2.25 ಕೋಟಿ ರೂಪಾಯಿಯ ಜೊತೆಗೆ ಸರ್ಕಾರಿ ಕೆಲಸವನ್ನೂ ಘೋಷಿಸಿತ್ತು. 'ಹಳ್ಳಿ ಹುಡುಗಿಗೆ ಐದು ಲಕ್ಷ ಕಡಿಮೆಯೇ?' ಎಂದು ನಮ್ಮ ಬಸ್‌ಸ್ಟ್ಯಾಂಡಿನ ಹೋಟೆಲಿನಲ್ಲಿ ಒಬ್ಬರು ಚಹಾ ಹೀರುತ್ತ ಕೇಳಿದರು. ಕ್ರಿಕೆಟ್ಟಿಗರ ಕೋಟಿಗಳ ಬಗ್ಗೆ ಅವರು ಈ ಪ್ರಶ್ನೆ ಕೇಳಿದ್ದನ್ನು ನಾನು ಕಂಡಿಲ್ಲ. ನನ್ನ ಮಟ್ಟಿಗೆ, ಬೇಡವೆಂದದ್ದು ಸರಿ. ಹೆಣ್ಣುಮಕ್ಕಳಿಗೆ ಕೊಟ್ಟದ್ದನ್ನು ಕಣ್ಣಿಗೊತ್ತಿಕೊಂಡು ತೆಗೆದುಕೊಳ್ಳುವುದನ್ನು ಚೆನ್ನಾಗಿಯೇ ಕಲಿಸಿದ್ದೇವೆ, ಲೆಕ್ಕ ಕೇಳುವುದನ್ನಲ್ಲ.

ಸಿರಿವಂತ ದೇಶಗಳಲ್ಲೂ ಇದು ಸಲೀಸಾಗಿ ಆಗಿದ್ದಲ್ಲ. ಐರ್ಲೆಂಡಿನ ಬೇವಿನ್ ಪಾರ್ಸನ್ಸ್ ಎಂಬ ಶಾಲಾ ಹುಡುಗಿ 2018ರಲ್ಲಿ, 16ರ ವಯಸ್ಸಿಗೇ, ದೇಶದ ರಗ್ಬಿ ತಂಡಕ್ಕೆ ಆಡಿದಳು. ಅಲ್ಲಿ 15 ಜನರ ರಗ್ಬಿ ಆಡುವ ಹೆಂಗಸರಿಗೆ ಪೂರ್ಣಾವಧಿ ಸಂಬಳದ ಒಪ್ಪಂದ ಬಂದದ್ದು 2022ರಲ್ಲಿ.

ಹೋದ ವಾರ ಪಿರಿಯಾಪಟ್ಟಣದ ಗೆಳತಿ ಫೋನ್ ಮಾಡಿದ್ದಳು. ಕಿರಿಮಗಳು ಒಂಬತ್ತನೇ ತರಗತಿ, ಓಡುವುದರಲ್ಲಿ ತಾಯಿಯನ್ನೇ ಹೋಲುತ್ತಾಳಂತೆ. ಮೈಸೂರಿಗೆ ತರಬೇತಿಗೆ ಕಳಿಸಿ ಎಂದು ಶಾಲೆಯ ಮೇಷ್ಟ್ರು ಹೇಳಿದ್ದಾರೆ.

"ಕಳ್ಸೇ," ಎಂದೆ.

"ಕಳ್ಸೋದೇನೋ ಕಳ್ಸ್ತೀನಿ ಕಣೇ. ಸಂಜೆ ಪ್ರಾಕ್ಟೀಸ್ ಮುಗಿಯೋದು ಏಳಕ್ಕಂತೆ. ಆಮೇಲೆ ನಮ್ಮೂರಿಗೆ ಯಾವ ಬಸ್ಸಿದೆ, ನೀನೇ ಹೇಳು."