ಚೌಕಳಿ ಪರದೆಯ ಮುಂದೆ

ಪುಷ್ಪಮಾಲಾ ಎನ್. ಮತ್ತು ಕ್ಲೇರ್ ಆರ್ನಿ ಜತೆಗೂಡಿ 2000ದಿಂದ 2004ರ ಅವಧಿಯಲ್ಲಿ ರೂಪಿಸಿದ ‘ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ: ಮ್ಯಾನರ್ಸ್ ಅಂಡ್ ಕಸ್ಟಮ್ಸ್’ ಎಂಬ ಛಾಯಾಚಿತ್ರ ಸರಣಿಯನ್ನು ನೋಡುವಾಗಲೆಲ್ಲ ನನಗೆ ಸಿದ್ದಾಪುರದ ಭತ್ತದ ಗದ್ದೆಯೊಂದು ನೆನಪಾಗುತ್ತದೆ.

ಪುಷ್ಪಮಾಲಾ ಶಿಲ್ಪಕಲೆಯಿಂದ ಬಂದವರು. ಆರ್ನಿ ಸ್ಕಾಟ್ಲೆಂಡ್ ಮೂಲದ ಛಾಯಾಗ್ರಾಹಕಿ. ದಕ್ಷಿಣ ಭಾರತದ ಹೆಣ್ಣಿನ ಬಗೆಗೆ ಚಲಾವಣೆಯಲ್ಲಿರುವ ಚಿತ್ರಗಳನ್ನು ಅವರು ವೇಷ, ರಂಗಸಜ್ಜಿಕೆ, ಬೆಳಕುಗಳ ಮೂಲಕ ಮರಳಿ ಕಟ್ಟಿದರು. ರವಿವರ್ಮನ ಬೆಳದಿಂಗಳ ಹೆಣ್ಣು, ಬಿಜಾಪುರ ಶೈಲಿಯ ಯೋಗಿನಿ, ಪತ್ರಿಕೆಯಲ್ಲಿ ಅಚ್ಚಾದ ಕಳ್ಳಿಯರು ಎಲ್ಲರೂ ಅಲ್ಲಿದ್ದಾರೆ. ಅದನ್ನು ಬರಿಯ ಅಣಕವೆನ್ನುವ ವಿಮರ್ಶೆಯನ್ನು ನಾನು ಒಪ್ಪಲಾರೆ. ನನ್ನನ್ನು ಕಾಡುವುದು ತೋಡ ಮಹಿಳೆಯ ಚಿತ್ರ. ಆಕೆಯ ಹಿಂದೆ ಚೌಕಳಿ ಪರದೆಯಿದೆ. 1869ರಲ್ಲಿ ಲ್ಯಾಂಪ್ರೆ ಎಂಬಾತ ಮರದ ಚೌಕಟ್ಟಿಗೆ ರೇಷ್ಮೆದಾರ ಬಿಗಿದು, ಎರಡೆರಡು ಇಂಚಿನ ಚೌಕಗಳ ಮುಂದೆ ಮನುಷ್ಯರನ್ನು ನಿಲ್ಲಿಸಿ ದೇಹವನ್ನು ಅಳೆಯುವ ಕ್ರಮವನ್ನು ಸೂಚಿಸಿದ್ದ. ಮದರಾಸಿನ ಥರ್ಸ್ಟನ್ನನೂ ಅಳತೆಯ ಉಪಕರಣ ಹಿಡಿದು ಜಾತಿ-ಬುಡಕಟ್ಟುಗಳನ್ನು ಅಳೆದವನೇ. 1909ರಲ್ಲಿ ಅವನ ಏಳು ಸಂಪುಟಗಳು ಹೊರಬಂದವು. ಈ ಕಲಾವಿದೆಯರಲ್ಲಿ ಒಬ್ಬಾಕೆ ಕಪ್ಪು, ಇನ್ನೊಬ್ಬಾಕೆ ಬಿಳಿ. ಆದರೆ ನೋಡುವವರು ಯಾರು, ನೋಡಿಸಿಕೊಳ್ಳುವವರು ಯಾರು ಎಂಬ ಹಂಚಿಕೆ ಇಲ್ಲಿ ಸ್ಥಿರವಾಗಿ ನಿಲ್ಲುವುದಿಲ್ಲ. ಚಿತ್ರ ತಯಾರಾದ ಬಗೆಯನ್ನೂ ಅವರು ಮುಚ್ಚಿಡದೆ ಪ್ರದರ್ಶನದ ಭಾಗವಾಗಿಸಿದ್ದಾರೆ.

ನಾನಾದರೋ ಮುಚ್ಚಿಟ್ಟವನು. ನಾಟಿಹಾಡುಗಳ ಸಂಗ್ರಹಕ್ಕೆಂದು ತುಂಗಭದ್ರಾ ಎಡದಂಡೆ ಕಾಲುವೆಯ ಸೀಮೆಯಲ್ಲಿ ಅಲೆಯುತ್ತಿದ್ದ ದಿನಗಳವು. ಸಿದ್ದಾಪುರದ ಬಳಿ ಹಿರಿಯ ಹೆಣ್ಣುಮಗಳೊಬ್ಬಳು ಕೆಸರಿನಲ್ಲಿ ನಿಂತು ಹತ್ತಾರು ಹಾಡುಗಳನ್ನು ಹೇಳಿದಳು. ಕ್ಯಾಮೆರಾ ತೆಗೆದಾಗ, “ತಮ್ಮಾ, ಒಂದೀಟು ತಡಿ. ಮನಿಗೆ ಹೋಗಿ ಬ್ಯಾರೆ ಸೀರಿ ಉಟ್ಕೊಂಡು ಬರ್ತೀನಿ” ಎಂದಳು. “ಬ್ಯಾಡವಾ, ಹಿಂಗ ಇರ್ರಿ, ಇದ ಚೊಲೊ ಐತಿ” ಎಂದೆ. ಎತ್ತಿಕಟ್ಟಿದ ಸೀರೆ, ಮೊಣಕಾಲವರೆಗಿನ ಕೆಸರು, ಕೈಯಲ್ಲಿ ಸಸಿಯ ಕಟ್ಟು: ಜಾನಪದವೆಂದರೆ ಇದೇ ಎಂದು ನಾನು ನಂಬಿದ್ದೆ. ಆಕೆ ನಗಲಿಲ್ಲ. ನೆಟ್ಟಗೆ ನಿಂತು ಕ್ಯಾಮೆರಾವನ್ನೇ ದಿಟ್ಟಿಸಿದಳು.

ಸಂಜೆ ಮನೆಯಲ್ಲಿ ಚಹಾ ಕೊಟ್ಟು, ಟ್ರಂಕಿನಿಂದ ತನ್ನ ಇನ್ನೊಂದು ಚಿತ್ರವನ್ನು ತೆಗೆದು ತೋರಿಸಿದಳು. ಗಂಗಾವತಿಯ ಸ್ಟುಡಿಯೋದಲ್ಲಿ ತೆಗೆಸಿದ್ದು. ಹಿಂದೆ ಅರಮನೆಯ ಪರದೆ, ಕೈಯಲ್ಲಿ ಸ್ಟುಡಿಯೋದವರ ಟೆಲಿಫೋನು, ಮೈಮೇಲೆ ಅಕ್ಕನಿಂದ ಎರವಲು ತಂದ ರೇಷ್ಮೆಸೀರೆ. ಮನೆಯಲ್ಲಿ ಟೆಲಿಫೋನೇ ಇರಲಿಲ್ಲ. ಅದನ್ನು ಕೃತಕವೆಂದು ಮನಸ್ಸಿನಲ್ಲೇ ತಳ್ಳಿಹಾಕಿದೆ. ತಾನು ಹೇಗೆ ಕಾಣಬೇಕೆಂಬುದನ್ನು ಆಕೆ ತಾನೇ ನಿರ್ಧರಿಸಿದ್ದ ಚಿತ್ರ ಅದೊಂದೇ ಇದ್ದಿರಬಹುದೆಂದು ಅಂದು ಹೊಳೆಯಲಿಲ್ಲ. ಚೌಕಳಿ ಪರದೆಯನ್ನು ನಾನು ಕೈಯಲ್ಲಿ ಒಯ್ದಿರಲಿಲ್ಲ, ಅಷ್ಟೆ.

ಗದ್ದೆಯ ಆ ಚಿತ್ರ ನನ್ನ ಪ್ರಬಂಧದಲ್ಲಿದೆ. ಕೆಳಗೆ ‘ನಾಟಿಹಾಡುಗಾರ್ತಿ, ಸಿದ್ದಾಪುರ’ ಎಂದಷ್ಟೇ ಅಚ್ಚಾಗಿದೆ. ಹೆಸರಿಗಾಗಿ ಹಳೆಯ ಟಿಪ್ಪಣಿ ಪುಸ್ತಕಗಳನ್ನು ಇತ್ತೀಚೆಗೆ ತಿರುವಿಹಾಕಿದೆ. ಹಾಡುಗಳ ಪಾಠಾಂತರಗಳೆಲ್ಲ ಇವೆ. ಹೆಸರನ್ನು ನಾನು ಕೇಳಿಯೇ ಇರಲಿಲ್ಲ.