ಮಣ್ಣಿಗೂ ತಕರಾರು ಬಂದಾಗ

ಮನುಷ್ಯನಿಗೆ ಹೂಳುವ ವಿದ್ಯೆಯನ್ನು ಕಲಿಸಿದ್ದು ಒಂದು ಕಾಗೆ. ಆದಮ್(ಅ)ರ ಮಗನೊಬ್ಬನು ಸಹೋದರನನ್ನು ಕೊಂದು, ಶವವನ್ನೇನು ಮಾಡಬೇಕೆಂದು ತೋಚದೆ ನಿಂತಾಗ, ಅಲ್ಲಾಹನು ನೆಲ ಕೆದಕುವ ಕಾಗೆಯೊಂದನ್ನು ಕಳುಹಿಸಿದ ವೃತ್ತಾಂತವು ಪವಿತ್ರ ಕುರ್‌ಆನಿನ ಅಲ್‌ಮಾಇದಃ ಅಧ್ಯಾಯದಲ್ಲಿದೆ. ಮದರಸದಲ್ಲಿ ಇದನ್ನು ಹೇಳುವಾಗ ಮಕ್ಕಳು ಕಾಗೆಯ ಬಗ್ಗೆಯೇ ಹೆಚ್ಚು ಕೇಳುತ್ತಾರೆ. ಆ ಮಣ್ಣು ಯಾರದೆಂದು ಯಾರೂ ಕೇಳುವುದಿಲ್ಲ. ದೊಡ್ಡವರಾದ ಮೇಲೆ ನಾವು ಕೇಳುವುದು ಅದೊಂದನ್ನೇ.

ಚಾರ್ಮಾಡಿ ಘಾಟಿ ಹತ್ತಿ ಕೊಟ್ಟಿಗೆಹಾರಕ್ಕೆ ಬಂದವರಿಗೆ ಇಲ್ಲಿ ನೆಲಕ್ಕೇನು ಕೊರತೆ ಎನಿಸಬಹುದು. ಆದರೆ ಒಂದು ಮಗ್ಗುಲು ಅರಣ್ಯ, ಇನ್ನೊಂದು ಮಗ್ಗುಲು ಕಾಫಿ ತೋಟ. ನಡುವೆ ಉಳಿದ ತುಂಡು ಕಂದಾಯ ಭೂಮಿಗೆ ನಿವೇಶನ, ಅಂಗನವಾಡಿ, ಆಟದ ಮೈದಾನ, ಸ್ಮಶಾನ ಎಲ್ಲವೂ ಹಕ್ಕುದಾರರೇ. ನಮ್ಮ ಅನೇಕ ಕುಟುಂಬಗಳ ಬೇರು ಘಟ್ಟದ ಕೆಳಗಿದೆ. ಮಯ್ಯಿತನ್ನು ಅಲ್ಲಿಗೇ ಒಯ್ಯೋಣವೆನ್ನುವ ಹಿರಿಯರು ಇನ್ನೂ ಇದ್ದಾರೆ. 2019ರ ಆಗಸ್ಟ್‌ನಲ್ಲಿ ಗುಡ್ಡ ಕುಸಿದು ಘಾಟಿಯೇ ಮುಚ್ಚಿದಾಗ ಆ ಮಾತಿಗೆ ಅರ್ಥ ಉಳಿಯಲಿಲ್ಲ. ಮರಣಿಸಿದ ಊರಿನಲ್ಲೇ, ವಿಳಂಬವಿಲ್ಲದೆ ದಫನ ಮಾಡುವುದೇ ಶರೀಅತ್ತಿಗೂ ಮೆಚ್ಚುಗೆಯಾದುದು.

ಕಾನೂನು ಈ ವಿಷಯದಲ್ಲಿ ಮೂಕವಾಗಿಲ್ಲ. ಸರ್ಕಾರಿ ಭೂಮಿಯನ್ನು ಸ್ಮಶಾನಕ್ಕಾಗಿ ಕಾಯ್ದಿರಿಸಲು 1964ರ ಭೂಕಂದಾಯ ಕಾಯ್ದೆಯಲ್ಲಿ ಅವಕಾಶವಿದೆ. ಸ್ಮಶಾನವಿಲ್ಲದ ಗ್ರಾಮಗಳಿಗೆ ಆರು ವಾರಗಳೊಳಗೆ ಜಾಗ ಒದಗಿಸುವಂತೆ 2019ರಲ್ಲಿ ರಾಜ್ಯ ಹೈಕೋರ್ಟ್ ಆದೇಶಿಸಿತು. ಅದು ಪಾಲನೆಯಾಗದೆ ನ್ಯಾಯಾಂಗ ನಿಂದನೆಯ ಅರ್ಜಿಯೂ ಬಂತು. ಆದ್ದರಿಂದ ಪಂಚಾಯಿತಿಯ ಮುಂದೆ ನಾವು ಭಿಕ್ಷುಕರಂತೆ ನಿಲ್ಲಬೇಕಾಗಿಲ್ಲ.

ತೊಡಕೆಂದರೆ, ತಕರಾರು ಏಳುವುದು ಮಯ್ಯಿತ್ ಮನೆಯಂಗಳದಲ್ಲಿರುವಾಗ. 2020ರ ಏಪ್ರಿಲ್‌ನಲ್ಲಿ ಕೊರೊನಾದಿಂದ ತೀರಿಕೊಂಡ ಬಂಟ್ವಾಳದ ಹಿಂದೂ ಮಹಿಳೆಯೊಬ್ಬರ ಶವಕ್ಕೆ ಮಂಗಳೂರಿನ ಪಚ್ಚನಾಡಿ, ಬೋಳೂರುಗಳಲ್ಲಿ ವಿರೋಧ ಎದುರಾಗಿ, ಕೊನೆಗೆ ರಾತ್ರಿ ವೇಳೆಯಲ್ಲಿ ಕೈಕುಂಜೆಯಲ್ಲಿ ದಹನ ನಡೆಯಿತು. ಅಲ್ಲಿ ಕೆಲಸ ಮಾಡಿದ್ದು ಧರ್ಮವಲ್ಲ, ಭಯ. ಛತ್ತೀಸ್‌ಗಢದ ಬಸ್ತರ್‌ನಲ್ಲಿ ಧರ್ಮವೇ ಕಾರಣವಾಯಿತು. ಛಿಂದವಾಡ ಗ್ರಾಮದ ಕ್ರೈಸ್ತ ಪಾದ್ರಿಯೊಬ್ಬರು 2025ರ ಜನವರಿ 7ರಂದು ತೀರಿಕೊಂಡರು. ಊರಿನಲ್ಲಿ ಹೂಳಲು ಗ್ರಾಮಸ್ಥರು ಬಿಡಲಿಲ್ಲ. ಜನವರಿ 27ರಂದು ಸುಪ್ರೀಂ ಕೋರ್ಟ್ ತೀರ್ಪು ಕೊಡುವವರೆಗೆ ಶವ ಶವಾಗಾರದಲ್ಲೇ ಇತ್ತು. ಕರ್ನಾಟಕದವರೇ ಆದ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರು ಕುಟುಂಬದ ಸ್ವಂತ ಜಮೀನಿನಲ್ಲಿ ಹೂಳಲು ಅವಕಾಶವಿರಬೇಕೆಂದರು. ಜೊತೆಯ ನ್ಯಾಯಮೂರ್ತಿಯವರು ಗೊತ್ತುಪಡಿಸಿದ ಸ್ಮಶಾನದಲ್ಲೇ ಆಗಬೇಕೆಂದರು. ಶವ ಇನ್ನಷ್ಟು ಕಾಯಬಾರದೆಂದು ದೂರದ ಕರ್ಕಾಪಾಲ್‌ನ ಕ್ರೈಸ್ತ ಸ್ಮಶಾನದಲ್ಲಿ, ಪೊಲೀಸ್ ರಕ್ಷಣೆಯೊಂದಿಗೆ ಹೂಳಲು ನಿರ್ದೇಶನ ಬಂತು.

ಸಾರ್ವಜನಿಕ ಶಾಂತಿ ಎಂಬ ಮಾತಿನ ಗುಣವೇ ಹೀಗೆ. ಬೆದರಿಸಿದವನು ಮನೆಯಲ್ಲಿರುತ್ತಾನೆ, ಹೆಣ ಊರು ಬಿಡುತ್ತದೆ. ಶಾಂತಿ ಕಾಯುವುದೆಂದರೆ ಶವಯಾತ್ರೆಯ ದಾರಿಯನ್ನು ಕಾಯುವುದು, ಅದನ್ನು ಹಿಂದಿರುಗಿಸುವುದಲ್ಲ. ಯಹೂದಿಯೊಬ್ಬನ ಜನಾಝ ಹಾದುಹೋದಾಗ ಪ್ರವಾದಿ(ಸ)ರು ಎದ್ದು ನಿಂತರು. ಅದೂ ಒಂದು ಜೀವವಲ್ಲವೇ ಎಂಬುದು ಅವರು ಕೊಟ್ಟ ಕಾರಣ.

ಇಷ್ಟು ಹೇಳಿದ ಮೇಲೆ ನಮ್ಮ ಜಮಾಅತ್‌ಗಳ ಕಡೆಗೂ ತಿರುಗಬೇಕು. ಪರರ ಗೇಣು ನೆಲ ಕಬಳಿಸಿದವನಿಗೆ ಕಠಿಣ ಎಚ್ಚರಿಕೆ ಹದೀಸಿನಲ್ಲಿದೆ. ಒತ್ತುವರಿ ನೆಲದಲ್ಲಿ ಹೂಳಿದ ಮಯ್ಯಿತನ್ನು ತೆಗೆಸುವ ಹಕ್ಕನ್ನು ಫಿಕ್ಹ್ ಗ್ರಂಥಗಳು ಭೂಮಾಲೀಕನಿಗೆ ಕೊಟ್ಟಿವೆ. ಮದೀನಾದ ಮಸೀದಿಯ ನೆಲವನ್ನು ಇಬ್ಬರು ಅನಾಥ ಹುಡುಗರಿಂದ ಪ್ರವಾದಿ(ಸ)ರು ಬೆಲೆಗೇ ಕೊಂಡರೆಂದು ಚರಿತ್ರೆ ಹೇಳುತ್ತದೆ. ಹೀಗಿರುವಾಗ, ತಾತನ ಕಾಲದಿಂದ ಹೂಳುತ್ತಿದ್ದೇವೆ ಎಂಬ ಬಾಯಿಮಾತಿನಲ್ಲಿ ಖಬರಸ್ಥಾನವನ್ನು ಇಟ್ಟುಕೊಳ್ಳುವುದು ಯಾವ ನ್ಯಾಯ? ಪಹಣಿಯಲ್ಲಿ ಏನಿದೆ, ನಕ್ಷೆಯ ಗಡಿ ಎಲ್ಲಿದೆ, ಹಾಕಿದ ಬೇಲಿ ನೆರೆಯವರ ಕಾಫಿ ಗಿಡದೊಳಗೆ ನುಗ್ಗಿದೆಯೇ? ಸರ್ವೆಗೆ ಅರ್ಜಿ ಕೊಡಲು ಮಳೆಗಾಲ ಕಳೆಯುವವರೆಗೆ ಕಾಯಬಹುದು, ಮಯ್ಯಿತ್ ಬರುವವರೆಗೆ ಕಾಯಬಾರದು.

ಗ್ರಾಮಸಭೆಗೆ ಹೋಗುವಾಗ ಇನ್ನೊಂದು ಅರ್ಜಿಯೂ ಜೇಬಿನಲ್ಲಿರಲಿ. ತೋಟದ ಲೈನ್ ಮನೆಗಳಲ್ಲಿ ಬದುಕು ಸವೆಸಿದ, ಸ್ವಂತಕ್ಕೆ ಒಂದು ಸೆಂಟ್ಸ್ ನೆಲವೂ ಇಲ್ಲದ ಕೂಲಿಯವರು ನಮ್ಮ ಪಂಚಾಯಿತಿಗಳಲ್ಲಿದ್ದಾರೆ. ಅವರ ಪೈಕಿ ನಮ್ಮವರಿಗಿಂತ ಇತರರೇ ಹೆಚ್ಚು. ಅವರ ಸ್ಮಶಾನದ ಬೇಡಿಕೆಯನ್ನು ಮೊದಲು ಓದಿ, ನಮ್ಮದನ್ನು ಆಮೇಲೆ ಓದೋಣ.